ಕೆಳ ಅಂತಸ್ತಿನ ಬಾಕಿ

ಇದ್ದಿನಬ್ಬ ಎಂಬುದು ಅವರ ಬಾಯಲ್ಲಿ ನಿಲ್ಲದೆ
ಹತ್ತೊಂಬತ್ತು ವರ್ಷದಿಂದ ಈ ಸೂರ್ ಪಟ್ಟಣದಲ್ಲಿ ನಾನು
ಬರೀ ಈದ್.
"ಈದ್, ಬಂತಾ?" ಎನ್ನುತ್ತಾಳೆ ರಯ್ಯಾ ಬಿನ್ತ್ ಹುಮೈದ್
ತಿಂಗಳ ಮೊದಲ ದಿನ, ಖಹ್ವಾದ ಬಟ್ಟಲು ಚಾಚಿ.
ಮೇಲಿನ ಹನ್ನೊಂದು ಕೋಣೆಯದು ಬಂತು, ಉಮ್ಮಾ.
ಕೆಳಗಿನದು?
ಖರ್ಜೂರದ ಬೀಜವನ್ನು ಬಾಯಲ್ಲೇ ಇಟ್ಟುಕೊಂಡು
ತಲೆಯಾಡಿಸುತ್ತೇನೆ.

ಕೆಳಗಿರುವುದು ಸರ್ಕಾರ.
ಮೂವತ್ತನಾಲ್ಕು ತಿಂಗಳಿಂದ ಇದೆ,
ಎರಡು ತಿಂಗಳ ಬಾಡಿಗೆ ಕೊಟ್ಟಿದೆ.
ಅದರಲ್ಲೂ ಬಾಡಿಗೆ ತಕರಾರು ಕೇಳುವ ಕಚೇರಿಯೇ!
ಯಾರು ಯಾರನ್ನು ಹೊರಹಾಕಬಹುದು,
ಎಷ್ಟು ದಿನದ ನೋಟಿಸು, ಯಾರ ಮುಂಗಡ ಯಾರಿಗೆ,
ಎಲ್ಲ ಅಲ್ಲಿಯೇ, ನಮ್ಮದೇ ಟೈಲ್ಸಿನ ಮೇಲೆ,
ನಮ್ಮದೇ ಫ್ಯಾನಿನ ಕೆಳಗೆ.

ಆ ಮೂರನೇ ಕಿಟಕಿಗೆ ನಾನೇನು ಹೊಸಬನಲ್ಲ.
ಆರನೇ ಕೋಣೆಯ ತೊಫಜ್ಜಲನ ಮೇಲೆ ಹಾಕಿದ್ದೆ,
ಐಸಿನ ಲಾರಿ ಓಡಿಸುವ ಲಂಕೆಯವನ ಮೇಲೆ ಹಾಕಿದ್ದೆ,
ಗೆದ್ದೂ ಇದ್ದೆ.
ಕೇಸು ಯಾಕೆ, ಐದು ದಿನ ತಡವಾದರೆ
ಮೆಟ್ಟಿಲ ಕೆಳಗಿನ ಬಿಳಿ ಪೆಟ್ಟಿಗೆ ತೆರೆದು
ಒಂದು ಸ್ವಿಚ್ಚು ಇಳಿಸಿದರೆ ಸಾಕು,
ಆಗಸ್ಟಿನಲ್ಲಿ ಎಸಿ ನಿಂತ ಕೋಣೆಯಿಂದ
ದುಡ್ಡು ತಾನಾಗಿಯೇ ಬೆವರಿಕೊಂಡು ಬರುತ್ತದೆ.
ಇದನ್ನು ಹೆಮ್ಮೆಯಿಂದ ಹೇಳುತ್ತಿಲ್ಲ.
ನಾಚಿಕೆಯಿಂದ ಹೇಳಿದೆ ಅಂತಲೂ ಬರೆದುಕೊಳ್ಳಬೇಡಿ.

ಟೋಕನ್ ನಲವತ್ತೇಳು.
ಕಿಟಕಿಯಲ್ಲಿ ಜುಮಾ, ಹುಡುಗ, ಮೀಸೆ ಈಗಷ್ಟೇ ದಟ್ಟವಾದವ.
"ಈ ಸಲ ಯಾರ ಮೇಲೆ, ಈದ್?"
"ನಿಮ್ಮ ಮೇಲೆ."
ನಗಲಿಲ್ಲ. ಹಿಂದೆ ತಿರುಗಿ ನೋಡಿದ,
ಬೆನ್ನ ಹಿಂದೆ ಯಾರಾದರೂ ನಿಂತಿದ್ದಾರೇನೋ ಎಂಬಂತೆ.
ಅರ್ಜಿದಾರಳದ್ದು ಹಿಂಬಾಗಿಲು, ಪ್ರತಿವಾದಿಯದು ಮುಂಬಾಗಿಲು,
ಕಟ್ಟಡ ಒಂದೇ.
ಎರಡು ಸಲ ಓದಿ, ಆಮೇಲೆ ಫೀಸು ಕೇಳಿದ.
ಬೇಲಿ ಎದ್ದು ಹೊಲ ಮೇಯ್ದ ಮಾತು ಊರಲ್ಲಿ ಕೇಳಿದ್ದೆ.
ಬೇಲಿಯ ಮುಂದೆಯೇ ಸರದಿ ನಿಂತು
ರಸೀದಿ ಪಡೆದದ್ದು ಇದೇ ಮೊದಲು.

ಒಂಬತ್ತು ತಾರೀಕು.
ಒಮ್ಮೆ ಕಡತ ಮಸ್ಕತ್ತಿನಲ್ಲಿತ್ತು,
ಮಸ್ಕತ್ತಿನವರು ಅದು ಸೂರಿಗೆ ಹೊರಟಾಯಿತಲ್ಲ ಅಂದರು,
ಒಮ್ಮೆ ಸರ್ಕಾರಿ ವಕೀಲರಿಗೆ ಹಲ್ಲುನೋವು.
ನಡುವೆ ನಮಗೇ ಒಂದು ನೋಟಿಸು:
ಕರಾರಿನ ಕಲಮಿನಂತೆ, ಸೋರುತ್ತಿರುವ ಎಸಿ ಪೈಪನ್ನು
ಏಳು ದಿನದೊಳಗೆ ಸರಿಪಡಿಸತಕ್ಕದ್ದು.
ಸರಿಪಡಿಸಿದೆವು. ತೊಫಜ್ಜಲ ಪೈಪಿನ ಕೆಲಸದವನೇ;
ಕೂಲಿಯನ್ನು ಅವನ ಬಾಕಿಯಲ್ಲಿ ವಜಾ ಮಾಡಿಕೊಂಡೆ.

ತೀರ್ಪು ನಮ್ಮ ಪರ.
ಮುದ್ರೆ ದೊಡ್ಡದು, ಕಾಗದ ದಪ್ಪ.
ಜಪ್ತಿ ಮಾಡಿಸೋಣವೆಂದು ಹೋದರೆ
ಸರ್ಕಾರದ ಕುರ್ಚಿ ಮುಟ್ಟುವಂತಿಲ್ಲ, ಮೇಜು ಮುಟ್ಟುವಂತಿಲ್ಲ,
ಖಾತೆಯ ಮಾತು ಎತ್ತುವಂತೆಯೇ ಇಲ್ಲ.
"ಹಾಗಾದರೆ ನಾವು ಗೆದ್ದದ್ದೇನು?"
"ಗೆದ್ದಿದ್ದೀರಿ" ಅಂದರು. ಅಷ್ಟೆ.

ಆ ಮಧ್ಯಾಹ್ನ ಬಿಳಿ ಪೆಟ್ಟಿಗೆಯ ಮುಂದೆ ನಿಂತೆ.
ಎಲ್ಲಕ್ಕಿಂತ ಕೆಳಗಿನ ದಪ್ಪ ಸ್ವಿಚ್ಚಿನ ಮೇಲೆ ಬೆರಳು.
ರಯ್ಯಾ ಹಿಂಬಾಗಿಲಿಂದ ಕಂಡಳು.
"ಒಳಗೆ ಜನ ನಿಂತಿದ್ದಾರೆ, ಈದ್.
ಒಬ್ಬಳ ಕಂಕುಳಲ್ಲಿ ಮಗು."
ಮೇಲೂ ಜನ ಇದ್ದರಲ್ಲ, ಆಗಸ್ಟಿನಲ್ಲಿ,
ಎಂದು ನಾನು ಕೇಳಲಿಲ್ಲ.
ಅವಳೂ ಅದನ್ನೇ ನೆನೆದಳೋ ಏನೋ,
ಖಾಲಿ ಬಟ್ಟಲನ್ನು ತಿರುಗಿಸಿ ತಿರುಗಿಸಿ ನೋಡಿದಳು.

ಮೊನ್ನೆ ಕಚೇರಿ ಮುಚ್ಚಿದ ಮೇಲೆ
ಜುಮಾ ಮೆಟ್ಟಿಲು ಹತ್ತಿ ಬಂದ.
ಮದುವೆಯಂತೆ, ಶವ್ವಾಲಿನಲ್ಲಿ.
ಮೂಲೆಯ ಮನೆ ಖಾಲಿಯಿದೆಯಂತಲ್ಲ, ಮುಂಗಡ ಎಷ್ಟು?
ಮೂರು ತಿಂಗಳದು, ಅಂದೆ.
ಚೌಕಾಸಿ ಮಾಡಲಿಲ್ಲ. ಜೇಬಿನಿಂದ ತೆಗೆದು ಎಣಿಸಿದ,
ನಾನೂ ಎಣಿಸಿದೆ,
ಒಂದು ನೋಟು ಹೆಚ್ಚಿತ್ತು, ಮರಳಿಸಿದೆ.
ರಸೀದಿ ಬರೆದೆ. ನನ್ನ ಸ್ಟ್ಯಾಂಪ್ ಪ್ಯಾಡ್ ಒಣಗಿ ಬಿರಿದಿತ್ತು.
ಅವನು ಕೆಳಗಿಳಿದು, ಬೀಗ ತೆಗೆದು,
ಮೂರನೇ ಕಿಟಕಿಯ ಪ್ಯಾಡ್ ತಂದುಕೊಟ್ಟ.
ನೀಲಿ ಇನ್ನೂ ಒದ್ದೆಯಾಗಿಯೇ ಇತ್ತು.