ಮೇ ತಿಂಗಳ ಪ್ರೂಫು

ನವೆಂಬರ್ ಬಂತೆಂದರೆ ನಮ್ಮ ಪ್ರೆಸ್ಸಿನಲ್ಲಿ
ಮುಂದಿನ ವರ್ಷ ಆಗಲೇ ಮುಗಿದಿರುತ್ತದೆ.
ಯುಗಾದಿಯನ್ನು ಒಣಗಲು ಹಾಕಿರುತ್ತೇವೆ,
ದೀಪಾವಳಿಯ ಅಂಚು ಕತ್ತರಿಸುತ್ತಿರುತ್ತೇವೆ.
ಶಿವಮೊಗ್ಗ, ದುರ್ಗಿಗುಡಿಯ ಹಿಂದಿನ ಓಣಿ, ಪಿಂಟೋರ ಕ್ಯಾಲೆಂಡರು.
ನಾನು ಪ್ರೂಫು ನೋಡುವವನು.
ಒಂದು ಕನ್ನಡಕ, ಒಂದು ಕೆಂಪು ಪೆನ್ನು, ಹತ್ತೊಂಬತ್ತು ವರ್ಷ.

ಮೇ ತಿಂಗಳಿಗೆ ಬಂದಾಗ ಮಾತ್ರ
ಕೈ ನಿಧಾನವಾಗುತ್ತದೆ.
ಉಗುರಿನಷ್ಟಗಲದ ಒಂದೇ ಮನೆ.
ಅದರೊಳಗೆ ಹುಟ್ಟಿದ್ದು, ತಿಳಿದದ್ದು, ತೀರಿಕೊಂಡದ್ದು
ಮೂರನ್ನೂ ಕೂರಿಸಬೇಕು,
ಕೆಳಗೆ ರಾಹುಕಾಲಕ್ಕೆ ಜಾಗ ಬಿಡಬೇಕು.

ನಾಲ್ಕು ಬಣ್ಣದ ಮಶೀನು ಜೋಡಿಸಲು ಬಂದಿದ್ದ ಮೊರಿತಾ
ಹಾಳೆ ತಿರುವಿ ನಕ್ಕಿದ್ದ.
ಅವನೂರಲ್ಲಿ ಮೂರಕ್ಕೂ ಬೇರೆ ಬೇರೆ ಮನೆಯಂತೆ.
ಹುಟ್ಟು ಏಪ್ರಿಲ್ ಎಂಟು, ಹೂವಿನ ಚಪ್ಪರದಡಿ
ಗೇಣುದ್ದದ ಕಂಚಿನ ಮಗು, ನೆತ್ತಿಗೆ ಸಿಹಿ ಚಹಾ.
ಅರಿವು ಡಿಸೆಂಬರಿನ ಚಳಿಗೆ. ಸಾವು ಫೆಬ್ರವರಿಗೆ.
ಚಹಾ ಎಂದ ಹೊತ್ತಿಗೆ ಸರಿಯಾಗಿ ಅಂಗಡಿ ಹುಡುಗ
ಎರಡು ಲೋಟ ಇಟ್ಟು ಹೋದ.
ಮೊರಿತಾ ಬೆರಳದ್ದಿ ಒಂದು ತೊಟ್ಟು
ಮಶೀನಿನ ನೆತ್ತಿಗೆ ಮುಟ್ಟಿಸಿದ.
ಅದು ಇವತ್ತಿನವರೆಗೆ ಕಾಗದ ಕಚ್ಚಿಲ್ಲ.

ಡೋಲ್ಕರ್ ಅಮ್ಮನದು ಇನ್ನೊಂದು ಲೆಕ್ಕ.
ಚಳಿ ಹುಟ್ಟುವಾಗ ಮುಂಡಗೋಡಿನಿಂದ ಬರುತ್ತಾಳೆ,
ಫುಟ್‌ಪಾತಿನ ಮೇಲೆ ಸ್ವೆಟರ್ ಗಂಟು ಬಿಚ್ಚುತ್ತಾಳೆ.
‘ಒಂದು ದಿನ ಎಲ್ಲಿ ಸಾಕಾಗ್ತದೆ? ನಮಗೆ ಇಡೀ ತಿಂಗಳು.
ಆ ತಿಂಗಳಲ್ಲಿ ಮಾಡಿದ್ದು ಒಂದಕ್ಕೆ ಲಕ್ಷ.
ಒಳ್ಳೇದೂ ಹಾಗೇ, ಕೆಟ್ಟದ್ದೂ ಹಾಗೇ.’
ಹೇಳುತ್ತಲೇ ನನ್ನ ಅಮ್ಮನ ಸ್ವೆಟರಿಗೆ ಐವತ್ತು ಬಿಟ್ಟಳು.
ಇದು ಡಿಸೆಂಬರು, ಲಕ್ಷಕ್ಕೆ ಸಿಕ್ಕುವುದಿಲ್ಲ ಎಂದೆ.
ಹಾಗಾದರೆ ವಾಪಸ್ ಕೊಡು ಎಂದು ಕೈ ಚಾಚಿದಳು.
ಕೆಲವು ವರ್ಷ ಅವಳ ಹುಣ್ಣಿಮೆ
ನಮ್ಮದನ್ನು ದಾಟಿ ಜೂನಿನಲ್ಲಿ ಹೋಗಿ ಬೀಳುತ್ತದೆ.

ಜೂನ್ ಒಂದಕ್ಕೆ ನಮ್ಮ ಕೇರಿಯ ಮಕ್ಕಳೆಲ್ಲ ಹುಟ್ಟಿದ್ದು.
ಹೆಡ್‌ಮೇಷ್ಟ್ರು ಕೇಳಲಿಲ್ಲ, ಬರೆದುಕೊಂಡರು.
ಅಮ್ಮನದು ಜನವರಿ ಒಂದು, ಆಧಾರ್ ಕಾರ್ಡು ಹೆತ್ತದ್ದು.
ಹೆಸರು ಗುತ್ಯಮ್ಮ. ಹೆಸರು ಕೊಟ್ಟ ಆ ಗುಡ್ಡವನ್ನು
ಹದಿನಾರನೇ ವಯಸ್ಸಿನಲ್ಲಿ ಇಳಿದವಳು ಮತ್ತೆ ಹತ್ತಲಿಲ್ಲ.
ನಾವೂ ಕೇಳುವುದಿಲ್ಲ.
ಕೌಂಟರಿನ ಹುಡುಗಿ ‘ಅಜ್ಜೀ, ಹುಟ್ಟಿದ ದಿನ?’ ಎಂದಾಗ
‘ವೈಶಾಖ ಹುಣ್ಣಿಮೆ, ಬರ್ಕೋ’ ಎಂದಿದ್ದಳು.
ಕಂಪ್ಯೂಟರಿನಲ್ಲಿ ಹುಣ್ಣಿಮೆ ಇರಲಿಲ್ಲ.

ಅವಳು ಹೇಳಿದ್ದು ಸುಳ್ಳಲ್ಲ. ತುಂಗೆಯ ಆಚೆ ದಡದಲ್ಲಿ,
ಶಾಲೆ ಮೈದಾನದ ಶಾಮಿಯಾನದಡಿ,
ಬಿಳಿ ಸೀರೆಯುಟ್ಟು ಇಪ್ಪತ್ತೆರಡು ಮಾತು ಕೊಟ್ಟಿದ್ದು ಅವತ್ತೇ.
ಐವತ್ತನಾಲ್ಕನೇ ವಯಸ್ಸಿನಲ್ಲಿ ಹುಟ್ಟಿ, ಹಸಿದು,
ಎರಡು ಲೋಟ ಪಾಯಸ ಕುಡಿದಳು.

ಹೋದ ವರ್ಷ ತಪ್ಪಿದ್ದು ನಾನು.
ಕೆಂಪು ಶಾಯಿ ಒಂದು ಮನೆ ಮುಂದಕ್ಕೆ ಹೋಯಿತು,
ಮೂರು ಸಾವಿರ ಪ್ರತಿ,
ಕೇರಿಯ ಮೊಳೆಮೊಳೆಗೂ ನಾನೇ ಹಂಚಿದ್ದು.
ಸಂಜೆ ಪ್ರೆಸ್ಸಿನ ಟೀವಿಯಲ್ಲಿ ಕೊಲಂಬೊದ ಬೀದಿ,
ತಾವರೆಯಂಥ ಕಾಗದದ ಗೂಡುದೀಪ,
ಬಂದವರಿಗೆಲ್ಲ ಬಿಟ್ಟಿ ಊಟ.
ಇವತ್ತೇ ಎಂದು ತಿಳಿದು ಬೆನ್ನು ಬೆವೆತಿತು.
‘ನಮ್ಮ ಈಸ್ಟರೂ ಅಲೀತದೆ ಮಾರಾಯ, ಕೂತ್ಕೋ’
ಎಂದರು ಪಿಂಟೋ. ನಾನು ಕೂರಲಿಲ್ಲ.

ಸೈಕಲ್ಲು ತುಳಿದು ಮನೆ ಮುಟ್ಟಿದಾಗ
ಅಮ್ಮ ಮೊರದಲ್ಲಿ ಗೋಧಿ ಕೇರುತ್ತಿದ್ದಳು, ನಾಳೆಗೆ.
ಹೇಳಿದೆ. ಒಂದು ಕಲ್ಲು ಆರಿಸಿ ಎಸೆದಳು.
‘ಕೊಲಂಬೊದವರಿಗೆ ಇವತ್ತು.
ನಮ್ಮ ಗೋಧಿ ಇನ್ನೂ ನೆನೆದಿಲ್ಲ.’

ಮರುದಿನ ಕೇರಿಯೆಲ್ಲ ಬಿಳಿ.
ಐದು ಬಣ್ಣದ ಬಾವುಟದಲ್ಲಿ ಕಿತ್ತಳೆ ಮಾಸಿತ್ತು.
ತಗಡಿನ ವಿಹಾರದೊಳಗೆ ಮಕ್ಕಳು
ಸರಣಂ ಎಂಬಲ್ಲಿ ಒಬ್ಬೊಬ್ಬರು ಒಂದೊಂದು ಉಸಿರಿಗೆ ಮುಟ್ಟಿದರು.
ಹೊತ್ತು ಮುಳುಗಿ ಸುಮಾರು ಹೊತ್ತಾದ ಮೇಲೆ ಚಂದ್ರ ಬಂದ,
ನೆತ್ತಿಯ ಕಡೆ ಒಂದು ಚೂರು ಸವೆದು,
ಯಾರೋ ಚಹಾ ಹೊಯ್ದು ಹೊಯ್ದು ತೊಳೆದ ಹಾಗೆ.
ಅಮ್ಮ ತಲೆಯೆತ್ತಿ ನೋಡಿದಳು,
ನನ್ನ ಕಡೆಗೂ ಒಮ್ಮೆ,
ಸೌಟು ತಳದವರೆಗೆ ಇಳಿಸಿ ಬೆಲ್ಲ ಕದಡಿದಳು.