ಎರಡನೆಯ ಗೆರೆ

ಗುತ್ತಲ ದಾಟಿ ಎಡಕ್ಕೆ ಹೊರಳಿದರೆ ಎರಿ ಹೊಲ.
ಜೀಪು ಹೂತಲ್ಲೇ ಇಳಿದೆ.
ಚಪ್ಪಲಿ ಕೈಯಲ್ಲಿ, ಬಗಲಲ್ಲಿ ಇಲಾಖೆಯ ಚೀಲ:
ಹತ್ತು ಪಟ್ಟಿ, ಹತ್ತು ಸೀಸೆ, ಕಾರ್ಬನ್ ಹಾಳೆ.

ಫಕೀರವ್ವ ಬದುವಿನ ಮೇಲೆ ಕೂತೇ ಇದ್ದಳು.
'ಬರ್ರಿ ಅಕ್ಕಾರ, ಬೇಕಾದಷ್ಟು ಹರಕೋರಿ.
ಒಂದ್ ಎಲಿಗೆ ಹತ್ತಿ ಅಳೂದಿಲ್ಲ.'

ಹರಿದೆ. ಸೀಸೆಯಲ್ಲಿ ಅರೆದೆ.
ಹಸಿರು ನೀರಿಗೆ ಪಟ್ಟಿ ಇಳಿಬಿಟ್ಟು ಗಡಿಯಾರ ನೋಡಿದೆ.
ಹತ್ತು ನಿಮಿಷ ಬೇಕು ಕಾಯಿದೆಗೆ,
ಕಾಗದದ ಎಳೆ ಹಿಡಿದು ಮೇಲೆ ಹತ್ತಲು.
ಒಂದು ಗೆರೆ ಬಂದರೆ ಪಟ್ಟಿ ಸರಿಯಿದೆ.
ಎರಡು ಬಂದರೆ
ಹತ್ತಿ ಸರಿಯಿಲ್ಲ.

'ಬೀಜ ಎಲ್ಲಿಂದು?'
'ಮೋಟರ್ ಸೈಕಲ್ ಮ್ಯಾಲ ಬಂದಿತ್ರಿ.'
'ರಸೀದಿ?'
ನಕ್ಕಳು. 'ಪಾಕೀಟಿಗೇ ಹೆಸರಿಲ್ಲ,
ರಸೀದಿಗೆ ಯಾರ ಹೆಸರ ಬರೀತಾರ?
ಎಣ್ಣಿ ಹೊಡದ್ರ ಕಸ ಸಾಯ್ತೈತಿ, ಹತ್ತಿ ನಿಂತಿರ್ತೈತಿ.
ಹನ್ನೆರಡ ಆಳಿನ ಪಗಾರ ಉಳೀತು,
ನನ್ನ ಮಣಕಾಲೂ ಉಳದ್ವು.
ಇದರಾಗ ಪಾಪ ಯಾವ್ದು, ಬಿಡಿಸಿ ಹೇಳ್ರಿ.'

ಬಿಡಿಸಿ ಹೇಳಿದೆ, ತರಬೇತಿಯಲ್ಲಿ ಹೇಳಿಸಿಕೊಂಡಂತೆ.
ಮಣ್ಣಿನ ಯಾವುದೋ ಕಾಣದ ಜೀವಿಯ ಕಾಗದದಿಂದ
ಒಂದು ಸಾಲು ಕತ್ತರಿಸಿ ಹತ್ತಿಯ ಕಾಗದಕ್ಕೆ ಅಂಟಿಸಿದ್ದಾರೆ,
ಆ ಸಾಲಿಗೆ ಇನ್ನೂ ಒಪ್ಪಿಗೆ ಸಿಕ್ಕಿಲ್ಲ,
ದುಂಬಿ ಅದನ್ನು ಪಕ್ಕದ ಹೊಲಕ್ಕೆ ಒಯ್ದೀತು,
ಒಯ್ಯಬಹುದೇ ಎಂದು ದಿಲ್ಲಿಯಲ್ಲಿ ಸಮಿತಿ ನೋಡುತ್ತಿದೆ.

'ದುಂಬಿ ದಿಲ್ಲಿಗೆ ಹೋಗಿ ಕೇಳಿ ಬರ್ತಾವೇನ್ರಿ?'

ಆರನೆಯ ನಿಮಿಷಕ್ಕೆ ಮೊದಲ ಗೆರೆ.
ಎಂಟಕ್ಕೆ, ಅದರ ಕೆಳಗೆ,
ಒಗೆದ ಕುಂಕುಮದ ಕಲೆಯಂತೆ ಇನ್ನೊಂದು.
ಫಕೀರವ್ವ ಬಗ್ಗಿ ನೋಡಿದಳು.
'ನಮ್ಮ ಸೊಸಿಗೂ ಹಿಂಗ ಎರಡ ಬಂದಿದ್ವು.
ಊರ ತುಂಬ ಪೇಢೆ ಹಂಚಿದ್ವಿ.'

ನನ್ನ ಕೈ ಯಾಕೆ ತಡೆಯಿತು ಅವಳಿಗೆ ಗೊತ್ತಿಲ್ಲ.

ಹುಬ್ಬಳ್ಳಿಯ ವಿದ್ಯಾನಗರ, ಮೂರನೆಯ ಮಹಡಿ.
ಗಾಜಿನ ತಟ್ಟೆಯಲ್ಲಿ ಐದು ಚುಕ್ಕೆ.
ಇಪ್ಪತ್ತು ದಿನಕ್ಕೊಮ್ಮೆ ಬೇರೆಯವರ ರಕ್ತ ಏರಿಸಿಕೊಂಡು
ಐದು ವರ್ಷ ಬದುಕಿದ ನಮ್ಮ ಮೊದಲ ಮಗ
(ಹೆಸರು ಮೃತ್ಯುಂಜಯ ಅಂತ ಇಟ್ಟಿದ್ದೆವು)
ಹೋದ ಮೇಲಿನ ಮಾತು.
ಪ್ರತಿ ಚುಕ್ಕೆಯನ್ನೂ ಓದಿದರು, ಆ ಸಾಲು ಇಲ್ಲದ್ದನ್ನು ಆರಿಸಿದರು.
ಏಳು ಹಾಳೆಗೆ ಸಹಿ ಹಾಕಿದೆ, ಓದದೆ.
ಉಳಿದ ನಾಲ್ಕು ಏನಾದವು?
ಕೇಳಲಿಲ್ಲ.
ಕೇಳದ್ದಕ್ಕೆ ಈಗ ಮೂರು ವರ್ಷ, ಮಣ್ಣು ತಿನ್ನುತ್ತಾಳೆ,
ಬೈದರೆ ನಾಲಗೆ ಚಾಚಿ ತೋರಿಸುತ್ತಾಳೆ.

ಅದು ಬೇರೆ, ಇದು ಬೇರೆ.
ಅಲ್ಲಿ ಆರಿಸಿದ್ದು, ಇಲ್ಲಿ ಬರೆದದ್ದು.
ಅಲ್ಲಿ ಕಾಯಿದೆ ಸಹಿ ಕೇಳಿತು, ಇಲ್ಲಿ ಕಳ್ಳ ಪಾಕೀಟು.
ಬೇರೆಯೇ.
ಬದುವಿನ ಮೇಲೆ ಕೂತು ಎರಡು ಸಲ ಹೇಳಿಕೊಂಡೆ.

ನಮೂನೆಯಲ್ಲಿ ಹದಿನೇಳು ಕಲಮು.
ಹನ್ನೊಂದರಲ್ಲಿ 'ಎರಡು' ಎಂದು ಒತ್ತಿ ಬರೆದೆ.
ಮೂರು ಹಾಳೆಯಾಚೆಗೂ ಮೂಡಿತು.
'ಬರೀರಿ,' ಅಂದಳು ಫಕೀರವ್ವ, 'ನಿಮ್ಮ ಕೆಲಸ.
ಕಿತ್ತ ಮ್ಯಾಲ ಕಸಕ್ಕ ಯಾರ ಬರ್ತಾರ, ಅದನ್ನೂ ಬರೀರಿ.'

ಬರುವವರು ರಸ್ತೆಯ ಬದಿಗೇ ಇದ್ದರು,
ಜಾಲಿಯ ಅರೆನೆರಳಲ್ಲಿ, ಕುರ್ಚಿಗಿ ಮಡಿಲಲ್ಲಿಟ್ಟು:
ದ್ಯಾಮವ್ವ, ಮಾಬೂಬಿ, ಹಾಲವ್ವ.
ಈ ಶ್ರಾವಣ ಕೆಲಸ ಒಂಬತ್ತೇ ದಿನವಂತೆ.
'ಪಗಾರ ಹೋಗ್ಲಿರಿ, ಹಕ್ಕರಕಿ ಸಿಗವಲ್ದು.
ಕಸ ತಗೀತ ತಗೀತ ಉಡಿ ತುಂಬತಿತ್ತು,
ರೊಟ್ಟಿಗೆ ಬ್ಯಾರೆ ಪಲ್ಯ ಬೇಕಾಗ್ತಿರಲಿಲ್ಲ.'
ಹದಿನೇಳರಲ್ಲಿ ಯಾವ ಕಲಮಿಗೂ ಅದು ಹೊಂದಲಿಲ್ಲ.

ಜೀಪು ಹೊರಡುವಾಗ ದ್ಯಾಮವ್ವ ಓಡಿ ಬಂದಳು.
ಬದುವಿನ ಸಂದಿಯಲ್ಲಿ ಉಳಿದಿತ್ತಂತೆ, ಒಂದು ಹಿಡಿ ಹಕ್ಕರಕಿ,
ಬೇರಿಗೆ ಮಣ್ಣು ಸಮೇತ.
'ಮಗಳಿಗೆ ಕೊಡ್ರಿ,' ಅಂದವಳು ಕೈ ಹಿಂದೆಳೆದಳು.
'ಎಣ್ಣಿ ಸಿಡಿದೈತೋ ಏನೋ,
ನೋಡಿ ಕೊಡ್ರಿ.'

ಅದಕ್ಕೆ ನನ್ನ ಚೀಲದಲ್ಲಿ ಪಟ್ಟಿ ಇರಲಿಲ್ಲ.