ಎಡಮಗ್ಗಲು

ನಾಕಕ್ಕ ಏಳ್ತೀನಿ. ಶಕ್ತಿನಗರದ ಚಿಮಣಿಗಳು
ಆಗಿನ್ನೂ ಕೆಂಪು ದೀಪ ಹೊತ್ತು ನಿಂತಿರ್ತಾವ.
ಕೊಟ್ಟಿಗ್ಯಾಗ ಮೊದಲು ನೋಡೋದು ಸಗಣಿ:
ಗಟ್ಟಿಯೋ, ನೀರೋ, ಹುರುಳಿ ಅರಗಿತೋ ಇಲ್ಲೋ.
ಡಾಕ್ಟರು ಓದಿದ್ದು ಪುಸ್ತಕ, ನಾ ಓದೋದು ಇದು.

ನೆನೆಸಿದ ಹುರುಳಿ ಎರಡು ಸೇರು, ಹತ್ತಿಕಾಳಿನ ಹಿಂಡಿ,
ಒಂದೊಂದಕ್ಕ ಆರು ತತ್ತಿ, ಬಿದಿರ ಗೊಟ್ಟದಾಗ,
ಮ್ಯಾಲೆ ಉತ್ತತ್ತಿ, ಬೀಜ ತಗದು.
ಆ ಬೀಜ ನನ್ನ ಮಗಳು ಬಳಪದ ಡಬ್ಬ್ಯಾಗ ಕೂಡಿಡ್ತಾಳ.
ಮುನ್ನೂರ ಹನ್ನೆರಡು, ಅಂದಳು ಮೊನ್ನೆ ಎಣಿಸಿ.
ಹಣ್ಣಿನ ಸುದ್ದಿ ಎತ್ತಲಿಲ್ಲ.

ಎತ್ತು ಸಾಹುಕಾರ ಚಿನ್ನಾರೆಡ್ಡಿದು. ಎಳಿಯೋ ಕಲ್ಲು ಕಮಿಟಿದು.
ಗೆದ್ದರ ಬೆಳ್ಳಿ ಕಡಗ ಅವನದು.
ನಂದು ತಿಂಗಳಿಗೆ ಒಂಬತ್ತು ಸಾವಿರ,
ಮತ್ತ ನಾಲಿಗಿ ತುದಿಯಾಗಿನ ಒಂದು ಸಪ್ಪಳ.
ಬರಿಯಾಕ ಬರಂಗಿಲ್ಲ. ಟಕ್ ಅಲ್ಲ, ಚಕ್ ಅಲ್ಲ,
ಒಣಗಿದ ಜಾಲಿಕಾಯಿ ಒಡದಂಗ.
ಕೇಳಿದ್ರ ಎರಡೂ ಕೂಡೇ ಕುತ್ತಿಗಿ ತಗ್ಗಸ್ತಾವ.

ಕಾರಹುಣ್ಣಿವಿ ಇನ್ನೂ ಇಪ್ಪತ್ತು ದಿನ ಇತ್ತು.
ಕೃಷ್ಣಾದ ಉಸುಕಿನಾಗ ಚೀಲ ಎಳಿಸಿ, ಮಡುವಿನಾಗ ಈಸಿಸಿ
ಹೊಡಕೊಂಡು ಬರೋವಾಗ ಎಡಗಡೆದು ಕುಂಟಿತು.
ಗೊರಸಿನ ಸಂದ್ಯಾಗ ಬಾಟ್ಲಿ ಚೂರು.
"ಬಲಗಡೆದರ ತಾಲೀಮು ನಿಲ್ಲಬಾರದು, ಉರುಕುಂದಿ"
ಫೋನಿನಾಗ ಸಾಹುಕಾರ. ಒಂಟಿ ಎತ್ತಿಗೆ ಎಂಥಾ ತಾಲೀಮು?

ನಸುಕಿನ್ಯಾಗ, ಯಾರೂ ಇಲ್ಲದ್ದು ನೋಡಿ,
ಖಾಲಿ ಬಿದ್ದ ಎಡಮಗ್ಗಲಿಗೆ ನಾನೇ ಹೆಗಲು ಕೊಟ್ಟೆ.
ಸಪ್ಪಳ ಮಾಡಿದೆ.
ಹಗ್ಗ ಬಿಗೀತು. ನೊಗ ಓರೆಯಾಗಿ ಕಿವಿಗೆ ಬಡೀತು.
ಇಪ್ಪತ್ತು ವರ್ಷ ಹಿಂದ ನಿಂತು ಕೂಗಿದವನಿಗೆ
ಮುಂದ ಏನೂ ಇರಂಗಿಲ್ಲ ಅನ್ನೋದೇ ಗೊತ್ತಿರಲಿಲ್ಲ.
ಬರೇ ಬಯಲು, ಬೂದಿ ಹಾರೋ ಗಾಳಿ,
ಬೆನ್ನ ಹಿಂದ ಒಂದು ಭಾರ. ಅದಕ್ಕ ಮುಖ ಇಲ್ಲ.

ನಾಕು ಹೆಜ್ಜಿಗೆ ಮೊಣಕಾಲು ಉಸುಕಿಗೆ ಬಿತ್ತು.
ಎತ್ತು ನಿಂತಿತು. ಕೊಂಬು ಆಚೆ ಹೊಳ್ಳಿಸಿ,
ನನ್ನ ಬೆವರಿನ ಮ್ಯಾಲೆ ಬಿಸಿ ಉಸಿರು ಬಿಟ್ಟು ಕಾದಿತು.
ಎದ್ದೆ. ಆಗ ಅದು ಹೆಜ್ಜಿ ಸಣ್ಣದು ಮಾಡ್ತು,
ಹೊಸ ಹೋರಿ ಕಟ್ಟಿದಾಗ ಹಿರೇ ಎತ್ತು ಮಾಡ್ತದಲ್ಲ, ಹಂಗ.
ಸಪ್ಪಳ ಯಾರೂ ಮಾಡಿರಲಿಲ್ಲ.

ಹನ್ನೊಂದು ಮಾರು ಹೋದಿವಿ. ಅಳದೀನಿ.

ಮನ್ಯಾಗ ಹನುಮಕ್ಕ ಹೆಗಲಿಗೆ ಅರಿಶಿಣ ಹಚ್ಚುತ್ತ
"ಯಾವ ಎತ್ತು ಒದೀತು?" ಅಂದಳು.
ಬಲಗಡೆದು, ಅಂದೆ.
ಮರುದಿನ ಅದಕ್ಕೊಂದು ತತ್ತಿ ಹೆಚ್ಚಿಗಿ ಹಾಕಿದೆ,
ಸುಳ್ಳಿನ ಬಾಬತ್ತು.